ರಂಗದ ಮೇಲೆ ಆನೆ ತಂದ ಗುಬ್ಬಿ ವೀರಣ್ಣ: ನಟ ಯಜಮಾನನಾದ ಕಥೆ

ತ್ಯಾಗಲಿ: ಅಡಿಕೆ ತೋಟದ ನಡುವಿನ ಊರುಗಳಲ್ಲೂ ಈಗ ಮದುವೆ ಅಂದ್ರೆ ಬರೀ ಚಪ್ಪರ, ವಾಲಗ, ಊಟ ಅಲ್ಲ. ಎಲ್‌ಇಡಿ ಪರದೆ ಬೇಕು, ಬಣ್ಣದ ಬೆಳಕು ಬೇಕು, ಡ್ರೋನ್ ಕ್ಯಾಮೆರಾ ಬೇಕು. ಇದನ್ನೆಲ್ಲ ವಹಿಸಿಕೊಂಡು ಮಾಡಿಕೊಡುವ ಈವೆಂಟ್‌ನವರು ಸಿದ್ದಾಪುರ, ಶಿರಸಿ ಕಡೆಗೂ ಬಂದಾಗಿದೆ. ದೊಡ್ಡ ಊರುಗಳಲ್ಲಂತೂ ನಟನೆಯಲ್ಲಿ ಹೆಸರು ಮಾಡಿದವರೇ ಇಂಥ ಅದ್ದೂರಿ ಕಾರ್ಯಕ್ರಮಗಳ ಉದ್ಯಮಕ್ಕೆ ಇಳಿಯುವುದು ಸಾಮಾನ್ಯವಾಗಿದೆ. ಜನ ಇದನ್ನು ಹೊಸ ಕಾಲದ ಹೊಸ ಕಸುಬು ಅಂತ ತಿಳಿದಿದ್ದಾರೆ.

ಹೊಸದೇನಲ್ಲ. ನಟನೊಬ್ಬ ಮುಖದ ಬಣ್ಣ ಒರೆಸಿಕೊಂಡು ಯಜಮಾನನ ಕುರ್ಚಿಯಲ್ಲಿ ಕೂತು, ಸಾವಿರಾರು ಜನರ ಎದುರು ಕಣ್ಣು ಕೋರೈಸುವ ವೈಭವ ಕಟ್ಟಿ, ಅದರಿಂದಲೇ ನೂರಾರು ಮನೆಗಳ ಒಲೆ ಉರಿಸಿದ ಉದಾಹರಣೆ ಕನ್ನಡ ನಾಡಿನಲ್ಲಿ ನೂರು ವರ್ಷ ಹಿಂದೆಯೇ ಇದೆ. ಆತನ ಹೆಸರು ಗುಬ್ಬಿ ವೀರಣ್ಣ. ಊರಿನ ಹೆಸರು ಗುಬ್ಬಿ. ರಂಗದ ಮೇಲೆ ತಂದದ್ದು ಆನೆ. ಈ ಎರಡರ ನಡುವೆ ಆ ಮನುಷ್ಯ ಏನೇನು ಪಣಕ್ಕಿಟ್ಟಿದ್ದರು ಅನ್ನುವುದು ಮಾತ್ರ ಅಷ್ಟಾಗಿ ಯಾರಿಗೂ ನೆನಪಿಲ್ಲ.

ಗುಬ್ಬಿಯ ಹುಡುಗ

ವೀರಣ್ಣ ಹುಟ್ಟಿದ್ದು 1891ರಲ್ಲಿ, ತುಮಕೂರು ಜಿಲ್ಲೆಯ ಗುಬ್ಬಿಯಲ್ಲಿ. ಅವರು ಹುಟ್ಟುವ ಹೊತ್ತಿಗೆ ಊರಲ್ಲಿ ಒಂದು ನಾಟಕ ಕಂಪನಿ ಇತ್ತು. ಚಂದಣ್ಣ ಮತ್ತು ಅವರ ಗೆಳೆಯ ಅಬ್ದುಲ್ ಅಜೀಜ್ ಸಾಹೇಬರು ಸೇರಿ 1884ರಲ್ಲಿ ಕಟ್ಟಿದ ಶ್ರೀ ಚನ್ನಬಸವೇಶ್ವರ ನಾಟಕ ಸಂಘ ಅದು. ಲಿಂಗಾಯತರೂ ಮುಸ್ಲಿಮರೂ ಒಟ್ಟಿಗೆ ಕಟ್ಟಿದ ಕಂಪನಿಗೆ ಊರ ದೇವರ ಹೆಸರು. ಮುಂದೆ ಇಡೀ ನಾಡು ಇದನ್ನು ಗುಬ್ಬಿ ಕಂಪನಿ ಅಂತಲೇ ಕರೆಯಿತು.

ಆ ಕಾಲ ಹೇಗಿತ್ತು ಅಂದ್ರೆ, ಮೈಸೂರಿನಲ್ಲಿ ಅರಮನೆಯ ಆಶ್ರಯದಲ್ಲೇ ನಾಟಕ ಸಭೆ ನಡೆಯುತ್ತಿತ್ತು. ಮುಂಬಯಿಯಿಂದ ಪಾರ್ಸಿ ಕಂಪನಿಗಳು ಊರೂರಿಗೆ ಬಂದು ಚಿತ್ರ ಬರೆದ ಪರದೆ, ಹಾರುವ ದೇವತೆ, ಕ್ಷಣದಲ್ಲಿ ಕಾಡು ಅರಮನೆಯಾಗುವ ಟ್ರಾನ್ಸ್‌ಫರ್ ಸೀನು ತೋರಿಸಿ ಹೋಗ್ತಿದ್ದವು. ಬಯಲಾಟ, ಮೂಡಲಪಾಯ ನೋಡಿ ಬೆಳೆದ ಜನಕ್ಕೆ ಇದು ಬೇರೆಯೇ ಲೋಕ. ದುಡ್ಡು ಕೊಟ್ಟು ಟಿಕೆಟು ಪಡೆದು, ಕತ್ತಲ ಥೇಟರಿನಲ್ಲಿ ಕೂತು ಬೆಳಕಿನ ಕಡೆ ನೋಡುವ ರೂಢಿ ಆಗಷ್ಟೇ ಶುರುವಾಗಿತ್ತು.

ಇಂಥ ಹೊತ್ತಲ್ಲಿ ಆರೇಳು ವರ್ಷದ ಹುಡುಗ ವೀರಣ್ಣ ಕಂಪನಿಗೆ ಬಾಲನಟನಾಗಿ ಸೇರಿದರು. ಶಾಲೆ ಕಲಿತದ್ದಕ್ಕಿಂತ ಕಂಪನಿಯಲ್ಲಿ ಕಲಿತದ್ದೇ ಹೆಚ್ಚು. ಕಂಪನಿ ಅಂದ್ರೆ ಬರೀ ನಾಟಕದ ತಂಡ ಅಲ್ಲ, ಊರಿಂದ ಊರಿಗೆ ಹೋಗುವ ಒಂದು ದೊಡ್ಡ ಮನೆ. ಅಲ್ಲೇ ಊಟ, ಅಲ್ಲೇ ನಿದ್ದೆ, ಅಲ್ಲೇ ಸಂಗೀತದ ಪಾಠ, ಅಲ್ಲೇ ಬೈಗುಳ. ಚಿಕ್ಕ ಹುಡುಗರಿಗೆ ಮೊದಲು ಬಾಲಪಾತ್ರ, ಧ್ವನಿ ಹಿಡಿದರೆ ಹೆಣ್ಣು ಪಾತ್ರ, ಧ್ವನಿ ಒಡೆದ ಮೇಲೆ ಯಾವುದಕ್ಕೆ ಹೊಂದುತ್ತಾರೋ ಅದು. ಆ ಹಾದಿಯಲ್ಲೇ ವೀರಣ್ಣ ಬೆಳೆದರು.

ನಗಿಸುವ ಕಳ್ಳ

ವೀರಣ್ಣ ನಾಯಕನ ಪಾತ್ರಕ್ಕೆ ಹೆಸರಾದವರಲ್ಲ. ಅವರ ಬಲ ಹಾಸ್ಯ. ಆಗಿನ ಕಂಪನಿ ನಾಟಕದಲ್ಲಿ ನಾಯಕ ಎಂದರೆ ಹಾಡುಗಾರ. ಒಂದೊಂದು ಹಾಡಿಗೂ ಮತ್ತೊಮ್ಮೆ ಅಂತ ಕೂಗು ಬೀಳಬೇಕು. ಹಾಸ್ಯನಟನಿಗೆ ಆ ಅನುಕೂಲ ಇಲ್ಲ. ಅವನು ರಂಗಕ್ಕೆ ಬಂದ ಎರಡು ನಿಮಿಷದಲ್ಲಿ ಜನ ನಗಬೇಕು, ಇಲ್ಲಾಂದ್ರೆ ಕೆಲಸ ಕೆಟ್ಟಿತು.

ಸದಾರಮೆ ನಾಟಕದ ಕಳ್ಳನ ಪಾತ್ರ ವೀರಣ್ಣನವರನ್ನು ಮನೆಮಾತು ಮಾಡಿತು. ಭಯ ಹುಟ್ಟಿಸಬೇಕಾದ ಕಳ್ಳ ಬಂದರೆ ಜನ ಹೊಟ್ಟೆ ಹಿಡಿದು ನಗ್ತಿದ್ದರು. ಅಂದಂದಿನ ಊರಿನ ಸುದ್ದಿಯನ್ನು ಮಾತಿನ ನಡುವೆ ಸೇರಿಸುವುದು, ಎದುರು ಕೂತವರ ಮುಖ ನೋಡಿ ಮಾತು ಹೊರಳಿಸುವುದು ಕಂಪನಿ ಹಾಸ್ಯದ ವರಸೆ. ಅದರಲ್ಲಿ ವೀರಣ್ಣ ಪಳಗಿದ್ದರು. ವರ್ಸಟೈಲ್ ಕಮೆಡಿಯನ್ ಎಂಬ ಇಂಗ್ಲಿಷ್ ಬಿರುದು ಅವರ ಹೆಸರಿನ ಹಿಂದೆ ಅಂಟಿಕೊಂಡು ಕರಪತ್ರಗಳ ಮೇಲೆ ಮೆರೆಯಿತು. ಮೈಸೂರು ಮಹಾರಾಜರಿಂದ ನಾಟಕರತ್ನ ಎಂಬ ಬಿರುದೂ ಬಂತು.

ಹಾಸ್ಯನಟನಿಗೆ ಇನ್ನೊಂದು ಲಾಭ ಇದೆ. ಜನ ಯಾವಾಗ ಬೇಸರಪಡ್ತಾರೆ, ಯಾವಾಗ ಎದ್ದು ಹೋಗ್ತಾರೆ, ಯಾವುದಕ್ಕೆ ಮತ್ತೆ ಬರ್ತಾರೆ ಅನ್ನುವುದು ಅವನಿಗೆ ಎಲ್ಲರಿಗಿಂತ ಮೊದಲು ಗೊತ್ತಾಗುತ್ತದೆ. ಈ ತಿಳಿವಳಿಕೆಯೇ ಮುಂದೆ ವೀರಣ್ಣನವರ ಬಂಡವಾಳವಾಯಿತು. ದುಡ್ಡಿನ ಬಂಡವಾಳ ಅವರ ಹತ್ತಿರ ಎಂದೂ ಸಾಕಷ್ಟು ಇರಲಿಲ್ಲ.

ಯಜಮಾನಿಕೆಯ ಭಾರ

1917ರಲ್ಲಿ ಕಂಪನಿಯ ಯಜಮಾನಿಕೆ ವೀರಣ್ಣನವರ ಹೆಗಲಿಗೆ ಬಂತು. ಆಗ ಅವರಿಗೆ ಇಪ್ಪತ್ತಾರರ ಆಸುಪಾಸು. ಮೊದಲನೇ ಮಹಾಯುದ್ಧ ಇನ್ನೂ ಮುಗಿದಿರಲಿಲ್ಲ. ಸಾಮಾನಿನ ಬೆಲೆ ಏರಿತ್ತು. ಮೈಸೂರು ಸೀಮೆಯ ಊರುಗಳನ್ನು ಪ್ಲೇಗು ಆಗಾಗ ಕಾಡುತ್ತಿತ್ತು. ಮರುವರ್ಷವೇ ಇನ್‌ಫ್ಲುಯೆಂಜಾ ಇಡೀ ದೇಶವನ್ನು ಹಿಂಡಿತು. ಜನ ಸೇರಿದರೆ ಮಾತ್ರ ನಡೆಯುವ ಕಸುಬಿಗೆ ಇಂಥ ಕಾಲದಲ್ಲಿ ಕೈಹಾಕುವುದು ಸಣ್ಣ ಧೈರ್ಯ ಅಲ್ಲ.

ನಟನಾಗಿರುವವರೆಗೆ ಒಬ್ಬನ ಚಿಂತೆ. ಯಜಮಾನನಾದ ಮೇಲೆ ಎಲ್ಲರ ಚಿಂತೆ. ಒಂದು ಕಂಪನಿಯ ಹಿಂದೆ ಏನೇನು ಇರ್ತಿತ್ತು ಅಂತ ಈಗಿನ ಈವೆಂಟ್‌ನವರು ಒಮ್ಮೆ ಲೆಕ್ಕ ಹಾಕಿ ನೋಡಬೇಕು. ನಟರು, ಹಾಡುಗಾರರು, ಹಾರ್ಮೋನಿಯಂ, ತಬಲಾದವರು, ಪರದೆ ಬರೆಯುವ ಚಿತ್ರಗಾರರು, ಬಡಗಿಗಳು, ದರ್ಜಿಗಳು, ಮೇಕಪ್ಪಿನವರು, ದೀಪದವರು, ಗೇಟು ಕಾಯುವವರು, ಅಡುಗೆಯವರು. ಅವರ ಹೆಂಡತಿ ಮಕ್ಕಳು. ಊರಲ್ಲಿ ಜಾಗ ಹಿಡಿದು ಬಿದಿರು, ತಗಡಿನ ಥೇಟರು ಕಟ್ಟಬೇಕು. ಲೈಸೆನ್ಸು ತೆಗೆಯಬೇಕು. ಜಟಕಾ ಗಾಡಿಗೆ ಬ್ಯಾಂಡು ಕಟ್ಟಿ ಬೀದಿಬೀದಿಯಲ್ಲಿ ಕರಪತ್ರ ಎಸೆಯಬೇಕು. ಇಷ್ಟೆಲ್ಲ ಆದ ಮೇಲೆ ಸಂಜೆ ಮಳೆ ಬಂದರೆ ಆ ದಿನದ ಕಲೆಕ್ಷನ್ನು ಸೊನ್ನೆ. ಖರ್ಚು ಮಾತ್ರ ಎಂದಿನಂತೆ.

ಕಂಪನಿಯವರ ಸಂಬಳ ತಿಂಗಳಿಗೆ ಬರಲಿ ಬಿಡಲಿ, ಊಟ ಮಾತ್ರ ದಿನವೂ ಆಗಬೇಕು. ಮಲೆನಾಡಿನವರಿಗೆ ಇದು ಬೇಗ ಅರ್ಥವಾಗುತ್ತದೆ. ತೋಟಕ್ಕೆ ಕೊಳೆರೋಗ ಬಂದ ವರ್ಷವೂ ಕೊನೆಗಾರನಿಗೆ ಕೂಲಿ ಕೊಡಲೇಬೇಕು, ಮನೆಯಲ್ಲಿ ಅನ್ನ ಆಗಲೇಬೇಕು. ಯಜಮಾನಿಕೆ ಅಂದ್ರೆ ಅದೇ.

ವೀರಣ್ಣ ಯಜಮಾನನಾದ ಮೇಲೂ ಬಣ್ಣ ಹಚ್ಚುವುದನ್ನು ಬಿಡಲಿಲ್ಲ. ಹಗಲು ಲೆಕ್ಕ, ಜಗಳ, ಸಾಲಗಾರರು. ರಾತ್ರಿ ಅದೇ ಮುಖಕ್ಕೆ ಬಣ್ಣ ಹಚ್ಚಿ ಜನರನ್ನು ನಗಿಸುವುದು. ಇದನ್ನು ಅವರು ವರ್ಷಗಟ್ಟಲೆ ಮಾಡಿದರು. ತಮ್ಮ ಆತ್ಮಕಥೆಗೆ ಕಲೆಯೇ ಕಾಯಕ ಅಂತ ಹೆಸರಿಟ್ಟದ್ದು ಬರೀ ಚಂದಕ್ಕಲ್ಲ. ಬಸವಣ್ಣನವರ ಕಾಲದಿಂದ ಬಂದ ಆ ಕಾಯಕ ಎಂಬ ಮಾತಿನಲ್ಲಿ ದುಡಿಮೆಯೂ ಇದೆ, ಹಂಚಿ ತಿನ್ನುವುದೂ ಇದೆ.

ಆನೆ, ಕುದುರೆ, ರಥ

ಬೆಳ್ಳಾವೆ ನರಹರಿ ಶಾಸ್ತ್ರಿಗಳಂಥ ಕವಿಗಳು ಕಂಪನಿಗೆ ನಾಟಕ ಬರೆದರು. ಸದಾರಮೆ, ಕೃಷ್ಣಲೀಲಾ ಮುಂತಾದ ನಾಟಕಗಳು ವರ್ಷಾನುಗಟ್ಟಲೆ ಓಡಿದವು. ಜನಕ್ಕೆ ಕಥೆ ಮೊದಲೇ ಗೊತ್ತು. ಕೃಷ್ಣ ಗೆಲ್ಲುತ್ತಾನೆ, ಕಂಸ ಸಾಯುತ್ತಾನೆ. ಗೊತ್ತಿರುವ ಕಥೆಗೆ ಮತ್ತೆ ಮತ್ತೆ ದುಡ್ಡು ಕೊಟ್ಟು ಜನ ಬರಬೇಕು ಅಂದ್ರೆ ಎಲ್ಲೂ ಕಾಣದ್ದನ್ನು ಕಾಣಿಸಬೇಕು. ಹಾಸ್ಯನಟನಾಗಿ ಜನರ ನಾಡಿ ಹಿಡಿದಿದ್ದ ವೀರಣ್ಣನವರಿಗೆ ಇದು ಸ್ಪಷ್ಟವಾಗಿ ಗೊತ್ತಿತ್ತು.

1930ರ ದಶಕದಲ್ಲಿ ಕುರುಕ್ಷೇತ್ರ ನಾಟಕ ಆಡಿದಾಗ ಅವರು ರಂಗದ ಮೇಲೆ ಜೀವಂತ ಆನೆ, ಕುದುರೆಗಳನ್ನೇ ತಂದರು. ರಥಗಳು ಬಂದವು. ಮಹಾಭಾರತದ ಯುದ್ಧ ಜನರ ಕಣ್ಣೆದುರು ನಡೆಯಿತು. ಹಳ್ಳಿಯಿಂದ ಗಾಡಿ ಕಟ್ಟಿಕೊಂಡು ಜನ ಬಂದರು. ಇವತ್ತಿಗೂ ಗುಬ್ಬಿ ಕಂಪನಿ ಅಂದ ತಕ್ಷಣ ಹಳಬರ ಬಾಯಲ್ಲಿ ಮೊದಲು ಬರುವುದು ಆ ಆನೆಯೇ.

ಆದರೆ ಆನೆ ಅಂದ್ರೆ ಬರೀ ಆನೆಯಲ್ಲ. ಅದಕ್ಕೆ ಮಾವುತ ಬೇಕು, ಮೇವು ಬೇಕು, ಅದರ ಭಾರ ತಡೆಯುವ ನೆಲ ಬೇಕು. ದೀಪ, ವಾದ್ಯ, ಚಪ್ಪಾಳೆಗೆ ಹೆದರದಂತೆ ಅದನ್ನು ಒಗ್ಗಿಸಬೇಕು. ಅದು ಒಂದು ಹೆಜ್ಜೆ ತಪ್ಪಿ ಮುಂದೆ ಬಂದರೆ ಎದುರಿಗೆ ನೆಲದ ಮೇಲೆ ಕೂತಿರುವುದು ಹೆಂಗಸರು, ಮಕ್ಕಳು. ಒಂದು ಸಲ ಆನೆ ತೋರಿಸಿದ ಮೇಲೆ ಮುಂದಿನ ಊರಲ್ಲಿ ಆನೆ ಇಲ್ಲ ಅಂದ್ರೆ ಜನ ಬಿಡ್ತಾರಾ? ಹಾಗಾಗಿ ಪ್ರತಿ ವೈಭವವೂ ಮುಂದಿನ ವೈಭವದ ಖರ್ಚನ್ನು ತಲೆಮೇಲೆ ಹೊರಿಸಿಯೇ ಹೋಗುತ್ತಿತ್ತು. ಒಂದು ನಾಟಕದಲ್ಲಿ ಬಂದ ಲಾಭ ಮುಂದಿನ ನಾಟಕದ ಪರದೆ, ಪೋಷಾಕಿಗೆ ಹೋಯಿತು. ವಿದ್ಯುತ್ ದೀಪ, ಹೊಸ ಯಂತ್ರ, ಹೊಸ ಸೀನರಿ ಅಂತ ಕಂಪನಿ ಬೆಳೆದಷ್ಟೂ ಅದರ ಹಸಿವೂ ಬೆಳೆಯಿತು.

ಇಲ್ಲೇ ಒಂದು ಮಾತು ಗಮನಿಸಬೇಕು. ಇವತ್ತಿನ ಅದ್ದೂರಿ ಕಾರ್ಯಕ್ರಮಗಳು ಕರೆಯೋಲೆ ಇದ್ದವರಿಗೆ ಮಾತ್ರ. ಗುಬ್ಬಿ ಕಂಪನಿಯ ಥೇಟರಿನಲ್ಲಿ ಸೋಫಾದಲ್ಲಿ ಕೂತ ಸಾಹುಕಾರನೂ ಇದ್ದ, ಕುರ್ಚಿಯ ಗುಮಾಸ್ತನೂ ಇದ್ದ, ಬೆಂಚಿನ ಅಂಗಡಿಯವನೂ ಇದ್ದ, ನೆಲದ ಟಿಕೆಟಿನ ಕೂಲಿಯವನೂ ಇದ್ದ. ಕೂತ ಜಾಗ ಬೇರೆ ಬೇರೆ, ಕಂಡ ಆನೆ ಒಂದೇ. ಅರಮನೆಯ ದಸರೆಯಲ್ಲಿ ದೂರದಿಂದ ನೋಡಬೇಕಿದ್ದ ವೈಭವವನ್ನು ಕೆಲವು ಕಾಸಿಗೆ ನೆಲದ ಮೇಲೆ ಕೂತವನ ಎದುರಿಗೆ ತಂದಿಟ್ಟದ್ದು ವೀರಣ್ಣ ಮಾಡಿದ ದೊಡ್ಡ ಕೆಲಸ. ಕಂಪನಿ ಬದುಕಿದ್ದು ಬಹುಮಟ್ಟಿಗೆ ಆ ನೆಲದವರಿಂದಲೇ.

ಹೆಣ್ಣು ಪಾತ್ರಕ್ಕೆ ಹೆಣ್ಣೇ

ಕಂಪನಿ ನಾಟಕಗಳಲ್ಲಿ ಹೆಣ್ಣು ಪಾತ್ರವನ್ನು ಗಂಡಸರೇ ಮಾಡುವ ರೂಢಿ ಬಲವಾಗಿತ್ತು. ಯಕ್ಷಗಾನ ನೋಡಿ ಬೆಳೆದ ನಮ್ಮ ಕಡೆಯವರಿಗೆ ಸ್ತ್ರೀವೇಷ ಎಂಬ ಮಾತೇ ಸಾಕು, ಬೇರೆ ವಿವರಣೆ ಬೇಡ. ರಂಗದ ಮೇಲೆ ಬರುವ ಹೆಂಗಸಿಗೆ ಸಮಾಜ ಒಳ್ಳೆಯ ಹೆಸರು ಕೊಡ್ತಿರಲಿಲ್ಲ. ಅಂಥ ಕಾಲದಲ್ಲಿ ವೀರಣ್ಣ ಹೆಣ್ಣು ಪಾತ್ರಗಳಿಗೆ ಹೆಂಗಸರನ್ನೇ ತಂದರು. ತಮ್ಮ ಮನೆಯವರನ್ನೂ ಹೊರಗಿಡಲಿಲ್ಲ. ಅವರ ಪತ್ನಿ ಬಿ. ಜಯಮ್ಮ ಹಾಡುಗಾರಿಕೆಯಿಂದಲೂ ಅಭಿನಯದಿಂದಲೂ ಕಂಪನಿಯ ದೊಡ್ಡ ಆಕರ್ಷಣೆಯಾದರು.

ಇದು ಬರೀ ಸುಧಾರಣೆಯ ಮಾತಲ್ಲ, ವ್ಯಾಪಾರದ ಲೆಕ್ಕವೂ ಹೌದು. ಹೆಂಗಸರು ರಂಗದ ಮೇಲೆ ಬಂದದ್ದು ಒಂದು ಹೊಸ ಆಕರ್ಷಣೆ. ಆದರೆ ಲೆಕ್ಕ ತಪ್ಪಿದ್ದರೆ ಮರ್ಯಾದಸ್ಥ ಮನೆಗಳವರು ಕಂಪನಿಯ ಕಡೆ ತಲೆ ಹಾಕದೇ ಇರಬಹುದಿತ್ತು. ಮಾನ, ಕಸುಬು ಎರಡನ್ನೂ ಒಟ್ಟಿಗೆ ಒತ್ತೆಯಿಟ್ಟು ತೆಗೆದುಕೊಂಡ ನಿರ್ಧಾರ ಅದು. ಕಂಪನಿ ನಿಂತಿತು. ಹೆಂಗಸರಿಗೆ ರಂಗಭೂಮಿ ಒಂದು ಕಸುಬಾಗಿ ದೊರಕಲು ದಾರಿಯಾಯಿತು.

ಮಕ್ಕಳಿಗಾಗಿಯೇ ಒಂದು ಶಾಖೆ ನಡೆಸಿದ್ದೂ ಇದೇ ದೂರದೃಷ್ಟಿಯಿಂದ. ಚಿಕ್ಕಂದಿನಲ್ಲೇ ಹಾಡು, ಮಾತು, ನಡೆ ಕಲಿತ ಹುಡುಗರು ಹತ್ತು ವರ್ಷದಲ್ಲಿ ದೊಡ್ಡ ಕಂಪನಿಯ ನಟರಾಗ್ತಿದ್ದರು. ಬೇರೆ ಯಾರೂ ಕಲಿಸುವ ಶಾಲೆ ಇಲ್ಲದಿದ್ದಾಗ ಕಂಪನಿಯೇ ಶಾಲೆ.

ಗಡಿ ದಾಟಿದ ಕಂಪನಿ, ಘಟ್ಟದ ಇಚೆಯ ನಾಡು

ಗುಬ್ಬಿ ಕಂಪನಿ ಮೈಸೂರು ಸೀಮೆಗೆ ಮಾತ್ರ ಕಟ್ಟುಬಿದ್ದಿರಲಿಲ್ಲ. ಆಂಧ್ರ, ತಮಿಳು ಸೀಮೆಗೂ ಹೋಗಿ ಅಲ್ಲಿನ ಭಾಷೆಯಲ್ಲೇ ನಾಟಕ ಆಡಿತು. ಕರ್ನಾಟಕ ಆಂಧ್ರ ನಾಟಕ ಸಾರ್ವಭೌಮ ಎಂಬ ಬಿರುದು ವೀರಣ್ಣನವರಿಗೆ ಬಂದದ್ದು ಹಾಗೆ. ಒಂದು ಊರಲ್ಲಿ ಜನ ಸಾಲದಾದರೆ ಇನ್ನೊಂದು ಊರು, ಒಂದು ಭಾಷೆ ಸಾಲದಾದರೆ ಇನ್ನೊಂದು ಭಾಷೆ. ಇಷ್ಟು ದೊಡ್ಡ ಸಂಸಾರ ಹೊತ್ತ ಕಂಪನಿಗೆ ನಿಂತಲ್ಲೇ ನಿಲ್ಲಲು ಸಾಧ್ಯವೇ ಇರಲಿಲ್ಲ.

ಆಗ ಶಿರಸಿ, ಸಿದ್ದಾಪುರ, ಯಲ್ಲಾಪುರ ಎಲ್ಲ ಮುಂಬಯಿ ಪ್ರಾಂತ್ಯಕ್ಕೆ ಸೇರಿದ್ದವು. 1956ರವರೆಗೂ ಮೈಸೂರು ಅಂದ್ರೆ ಬೇರೆ ರಾಜ್ಯ. ಈ ಕಡೆ ಗದಗಿನ ಗರುಡ ಸದಾಶಿವರಾಯರಂಥವರ ಕಂಪನಿಗಳ ಪ್ರಭಾವ ಹೆಚ್ಚು. ಘಟ್ಟದ ಕೆಳಗೆ ಯಕ್ಷಗಾನದ್ದೇ ರಾಜ್ಯ. ಅಲ್ಲೂ ನಟನೇ ಯಜಮಾನನಾಗುವ ಕಾಲ ಬಂದಿತ್ತು. ಹೊನ್ನಾವರದ ಕೆರೆಮನೆ ಶಿವರಾಮ ಹೆಗಡೆಯವರು 1934ರಲ್ಲಿ ಇಡಗುಂಜಿ ಮೇಳ ಕಟ್ಟಿದರು. ದೊಡ್ಡ ಕಲಾವಿದರೇ ಮೇಳದ ಜವಾಬ್ದಾರಿ ಹೊತ್ತು, ಕಲೆಯನ್ನೂ ಕಲಾವಿದರ ಹೊಟ್ಟೆಯನ್ನೂ ಒಟ್ಟಿಗೆ ಕಾಯಬೇಕಾದ ಪಾಡು ಘಟ್ಟದ ಮೇಲೂ ಕೆಳಗೂ ಒಂದೇ ಆಗಿತ್ತು.

ವೃತ್ತಿ ಕಂಪನಿಗಳ ನಂಟು ನಮ್ಮ ಕಡೆಯವರಿಗೆ ಹೆಚ್ಚು ಗೊತ್ತಿರುವುದು ಶಿರಸಿ ಮಾರಿಕಾಂಬಾ ಜಾತ್ರೆಯಿಂದ. ಎರಡು ವರ್ಷಕ್ಕೊಮ್ಮೆ ಜಾತ್ರೆ ಬಂದರೆ ನಾಟಕ ಕಂಪನಿಗಳ ಥೇಟರುಗಳೂ ಏಳುತ್ತವೆ. ಶಿರಸಿಗೆ ಇವತ್ತಿಗೂ ರೈಲಿಲ್ಲ. ಪರದೆ, ಪೆಟ್ಟಿಗೆ, ಕಂಬ, ತಗಡು, ಎಲ್ಲವೂ ರಸ್ತೆಯಲ್ಲೇ ಬರಬೇಕು, ಮಳೆಗಾಲಕ್ಕೆ ಮೊದಲೇ ಖಾಲಿಯಾಗಬೇಕು. ಜಾತ್ರೆಯ ಆ ಕೆಲವು ದಿನಗಳ ಕಲೆಕ್ಷನ್ನಿನ ಮೇಲೆ ಕಂಪನಿಯ ಇಡೀ ವರ್ಷದ ಲೆಕ್ಕ ನಿಂತಿರುತ್ತದೆ. ಗುಬ್ಬಿಯವರು ನಡೆದ ಹಾದಿಯ ಉಳಿಕೆ ಇದು.

ಸಿನಿಮಾದ ಬೆನ್ನು ಹತ್ತಿ

ವೀರಣ್ಣನವರ ಬದುಕಿನ ದೊಡ್ಡ ವಿಚಿತ್ರ ಇರುವುದು ಇಲ್ಲಿ. ನಾಟಕವನ್ನು ಮುಂದೆ ನುಂಗಿ ಹಾಕಲಿದ್ದ ಸಿನಿಮಾವನ್ನು ಕನ್ನಡಕ್ಕೆ ತರಲು ಮುಂದಾದವರಲ್ಲಿ ಅವರೂ ಒಬ್ಬರು.

1931ರಲ್ಲಿ ಹಿಸ್ ಲವ್ ಅಫೇರ್ ಎಂಬ ಮೂಕಿ ಚಿತ್ರ ಬಂತು. ರಫೇಲ್ ಅಲ್ಗೋಯೆಟ್ ಎಂಬ ವಿದೇಶಿ ನಿರ್ದೇಶಕ, ಪಾತ್ರದಲ್ಲಿ ವೀರಣ್ಣ, ಜಯಮ್ಮ. ದುರದೃಷ್ಟ ನೋಡಿ, ಅದೇ ವರ್ಷ ಮಾರ್ಚ್‌ನಲ್ಲಿ ಮುಂಬಯಿಯಲ್ಲಿ ಆಲಂ ಆರಾ ತೆರೆಕಂಡಿತ್ತು. ಪರದೆಯೇ ಮಾತಾಡಲು ಕಲಿತ ಮೇಲೆ ಮೂಕಿ ಚಿತ್ರವನ್ನು ಯಾರು ಕೇಳ್ತಾರೆ? ಆ ಮೂಕಿ ಚಿತ್ರಗಳ ಸಾಹಸ ಹೆಚ್ಚು ದಿನ ಬಾಳಲಿಲ್ಲ.

ಬೇರೆಯವರಾಗಿದ್ದರೆ ಕೈತೊಳೆದುಕೊಳ್ಳುತ್ತಿದ್ದರು. ವೀರಣ್ಣ ಬಿಡಲಿಲ್ಲ. 1935ರಲ್ಲಿ ಸದಾರಮೆ ಟಾಕಿ ಚಿತ್ರವಾದಾಗ ಅದರಲ್ಲಿ ನಟಿಸಿದರು. ಕನ್ನಡದಲ್ಲಿ ಟಾಕಿ ಶುರುವಾಗಿ ಆಗ ಒಂದೇ ವರ್ಷ. 1940ರ ದಶಕದಲ್ಲಿ ಸುಭದ್ರಾ, ಜೀವನ ನಾಟಕ, ಹೇಮರೆಡ್ಡಿ ಮಲ್ಲಮ್ಮ ಚಿತ್ರಗಳು ಬಂದವು. ಕನ್ನಡ ಚಿತ್ರಕ್ಕೆ ಮಾರುಕಟ್ಟೆ ಚಿಕ್ಕದು, ಸ್ಟುಡಿಯೋ ಬೇಕಂದ್ರೆ ಮದ್ರಾಸಿಗೆ ಹೋಗಬೇಕು. ಅಂಥ ಕಾಲದಲ್ಲಿ ಕನ್ನಡ ಚಿತ್ರಕ್ಕೆ ದುಡ್ಡು ಹಾಕುವುದು ನೀರಿಗೆ ಹಾಕಿದಂತೆ ಅಂತಲೇ ಹಲವರ ಎಣಿಕೆ. ವೀರಣ್ಣ ನಾಟಕದಲ್ಲಿ ದುಡಿದದ್ದನ್ನು ಅಲ್ಲಿ ಹಾಕಿದರು. ಬೆಂಗಳೂರಿನ ಗಾಂಧಿನಗರದಲ್ಲಿ ರಂಗಮಂದಿರವನ್ನೂ ಕಟ್ಟಿದರು.

1954ರಲ್ಲಿ ಅವರ ಗುಬ್ಬಿ ಕರ್ನಾಟಕ ಪ್ರೊಡಕ್ಷನ್ಸ್ ಸಂಸ್ಥೆಯಿಂದ ಬೇಡರ ಕಣ್ಣಪ್ಪ ಬಂತು. ಎಚ್‌.ಎಲ್‌.ಎನ್‌. ಸಿಂಹ ನಿರ್ದೇಶನ. ನಾಯಕನ ಪಾತ್ರಕ್ಕೆ ಮುತ್ತುರಾಜ ಎಂಬ ಕಂಪನಿ ನಟ. ಆ ಹುಡುಗನ ತಂದೆ ಸಿಂಗಾನಲ್ಲೂರು ಪುಟ್ಟಸ್ವಾಮಯ್ಯ ಗುಬ್ಬಿ ಕಂಪನಿಯಲ್ಲೇ ಹೆಸರಾಂತ ನಟರಾಗಿದ್ದವರು. ಚಿತ್ರ ಗೆದ್ದಿತು. ಮುತ್ತುರಾಜ ರಾಜ್‌ಕುಮಾರ್ ಆದರು. ಅದೇ ಚಿತ್ರದಲ್ಲಿ ಕಾಣಿಸಿಕೊಂಡ ನರಸಿಂಹರಾಜು ಮುಂದೆ ಕನ್ನಡದ ಹಾಸ್ಯ ಚಕ್ರವರ್ತಿ. ಜಿ.ವಿ. ಅಯ್ಯರ್ ಕೂಡ ಗುಬ್ಬಿ ಕಂಪನಿಯ ಗರಡಿಯಿಂದಲೇ ಬಂದವರು.

ಕನ್ನಡ ಸಿನಿಮಾ ಕಾಲೂರಿ ನಿಂತಿತು. ಅದು ನಿಂತಷ್ಟೂ ಕಂಪನಿ ನಾಟಕದ ಜನ ಕರಗಿದರು. ಅದೇ ಆನೆ, ಅದೇ ಕುದುರೆ, ಅದೇ ಹಾಡು ಸಿನಿಮಾದಲ್ಲಿ ಇನ್ನೂ ಅಗ್ಗಕ್ಕೆ, ದಿನಕ್ಕೆ ಹಲವು ಆಟಗಳಲ್ಲಿ ಸಿಗತೊಡಗಿತು. ಆನೆಗೆ ಒಂದು ಸಲ ಮೇವು ಹಾಕಿ ಫಿಲಂ ತೆಗೆದರೆ ಆಯಿತು, ಅದೇ ಆನೆ ನೂರು ಊರಲ್ಲಿ ಒಂದೇ ದಿನ ನಡೆಯುತ್ತದೆ. ತಾನೇ ನೆಟ್ಟ ಗಿಡ ಬೆಳೆದು ತನ್ನ ಮನೆಗೇ ನೆರಳು ಮಾಡಿದಂತಾಯಿತು. ಇದು ವೀರಣ್ಣನವರಿಗೆ ಗೊತ್ತಿರಲಿಲ್ಲ ಅನ್ನಲಾಗದು. ಜನ ಎತ್ತ ಹೋಗ್ತಾರೆ ಅನ್ನುವುದನ್ನು ಅವರಷ್ಟು ಚೆನ್ನಾಗಿ ಓದಿದವರು ಕಡಿಮೆ. ತಡೆಯಲಾಗದ ಹೊಳೆಗೆ ಅಡ್ಡ ನಿಲ್ಲುವುದಕ್ಕಿಂತ ತನ್ನವರನ್ನು ದೋಣಿ ಹತ್ತಿಸುವುದು ಲೇಸು ಎಂಬಂತೆ ಅವರ ನಡೆ ಇತ್ತು.

ಓಡಿಬಂದ ಹುಡುಗ ಕಾಶಿಗೆ ಹೋದ

ವೀರಣ್ಣನವರ ಲೆಕ್ಕಪುಸ್ತಕದಲ್ಲಿ ಲಾಭ ನಷ್ಟದ ಅಂಕಣಕ್ಕೆ ಸೇರದ ಒಂದು ಖರ್ಚು ಇದೆ. ದಕ್ಷಿಣ ಕನ್ನಡದ ಬಂಟ್ವಾಳ ಕಡೆಯ ಹುಡುಗನೊಬ್ಬ ಮನೆಬಿಟ್ಟು ಓಡಿ ಬಂದು ಗುಬ್ಬಿ ಕಂಪನಿ ಸೇರಿದ. ಓದುವ ಆಸೆ ಇದ್ದ, ಹಾಡುವ ಹುಡುಗ. ಅವನನ್ನು ಕಂಪನಿಯಲ್ಲೇ ಇಟ್ಟುಕೊಂಡಿದ್ದರೆ ಒಬ್ಬ ಒಳ್ಳೆಯ ನಟ ಸಿಗ್ತಿದ್ದ. ವೀರಣ್ಣ ಅವನನ್ನು ಬನಾರಸಿಗೆ ಎಂ.ಎ. ಓದಲು ಕಳಿಸಿದರು. ಆ ಹುಡುಗ ಬಿ.ವಿ. ಕಾರಂತ.

ಅಲ್ಲಿಂದ ಕಾರಂತರು ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಗೆ ಹೋದರು, ಮುಂದೆ ಅದರ ನಿರ್ದೇಶಕರೂ ಆದರು. ಮೈಸೂರಿನ ರಂಗಾಯಣ ಕಟ್ಟಿದರು. ಆಧುನಿಕ ಕನ್ನಡ ರಂಗಭೂಮಿಗೆ ಹಾಡು ಮರಳಿ ಬಂದದ್ದರಲ್ಲಿ ಕಾರಂತರ ಪಾಲು ದೊಡ್ಡದು. ಆ ಸಂಗೀತದ ಬೇರು ಗುಬ್ಬಿ ಕಂಪನಿಯ ಹಾರ್ಮೋನಿಯಂನಲ್ಲೇ ಇದೆ.

ಸಿದ್ದಾಪುರದ ಪಕ್ಕದ ಸಾಗರ ತಾಲೂಕಿನ ಹೆಗ್ಗೋಡಿನ ನೀನಾಸಂಗೂ ಕಾರಂತರಿಗೂ ಒಡನಾಟ ಇತ್ತು. ಕೆ.ವಿ. ಸುಬ್ಬಣ್ಣನವರ ಆ ರಂಗಶಾಲೆಯಿಂದ ಕಲಿತು ಬಂದವರು ಇಂದು ನಮ್ಮ ತಾಲೂಕುಗಳ ಶಾಲೆಗಳಲ್ಲಿ, ಸಂಘಗಳಲ್ಲಿ ನಾಟಕ ಮಾಡಿಸ್ತಾ ಇದ್ದಾರೆ. ಗುಬ್ಬಿಯ ಯಜಮಾನರೊಬ್ಬರು ಓಡಿಬಂದ ಹುಡುಗನ ಓದಿಗೆ ನೀಡಿದ ನೆರವು ಸುತ್ತಿ ಬಳಸಿ ಮಲೆನಾಡಿನ ಈ ಮೂಲೆಗೂ ತಲುಪಿದೆ.

ಕೊನೆಯ ದಿನಗಳು, ಉಳಿದ ಲೆಕ್ಕ

1955ರಲ್ಲಿ ವೀರಣ್ಣನವರಿಗೆ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ ಬಂತು. 1972ರಲ್ಲಿ ಪದ್ಮಶ್ರೀ. ಅದೇ ವರ್ಷ ಅಕ್ಟೋಬರ್ 18ರಂದು ಅವರು ತೀರಿಕೊಂಡರು. ಎಂಬತ್ತೊಂದು ವರ್ಷದ ಬದುಕು, ಅದರಲ್ಲಿ ಎಪ್ಪತ್ತಕ್ಕೂ ಹೆಚ್ಚು ವರ್ಷ ರಂಗದ ನಂಟು. ರಂಗಭೂಮಿಯ ಸಾಧಕರಿಗೆ ರಾಜ್ಯ ಸರ್ಕಾರ ಕೊಡುವ ಪ್ರಶಸ್ತಿಗೆ ಈಗ ಗುಬ್ಬಿ ವೀರಣ್ಣನವರದೇ ಹೆಸರು.

ವೈಭವದ ಉದ್ಯಮ ಮಾಡಿದವರ ಕಥೆ ಸಾಮಾನ್ಯವಾಗಿ ಎರಡು ರೀತಿ ಮುಗಿಯುತ್ತದೆ. ಒಂದೋ ಆಸ್ತಿ ಮಾಡಿ ಆರಾಮವಾಗಿ ಕೂರ್ತಾರೆ, ಇಲ್ಲಾ ಸಾಲದಲ್ಲಿ ಮುಳುಗಿ ಮರೆಯಾಗ್ತಾರೆ. ವೀರಣ್ಣನವರದು ಈ ಎರಡೂ ಅಲ್ಲ. ಬಂದದ್ದನ್ನು ಮತ್ತೆ ರಂಗಕ್ಕೇ ಸುರಿದರು. ಏಳುಬೀಳು ಎರಡನ್ನೂ ಕಂಡರು. ಬರೆದ ಪರದೆಗಳು ಹರಿದುಹೋದವು, ತಗಡಿನ ಥೇಟರುಗಳು ಕಳಚಿದವು, ಆನೆಗಳ ನೆನಪೂ ಮಸುಕಾಗ್ತಿದೆ. ಉಳಿದದ್ದು ಅವರು ಬೆಳೆಸಿದ ಜನ. ರಾಜ್‌ಕುಮಾರ್, ನರಸಿಂಹರಾಜು, ಜಿ.ವಿ. ಅಯ್ಯರ್, ಕಾರಂತರು ಎಲ್ಲರಿಗೂ ಗೊತ್ತಿರುವ ಹೆಸರುಗಳು. ಹೆಸರು ಗೊತ್ತಿಲ್ಲದ ಬಡಗಿ, ದರ್ಜಿ, ಅಡುಗೆಯವರ ಮಕ್ಕಳು ಆ ಕಂಪನಿಯ ಅನ್ನ ಉಂಡು ಬೆಳೆದದ್ದನ್ನು ಯಾರೂ ಎಣಿಸಿಟ್ಟಿಲ್ಲ.

ಈಗಿನ ಅದ್ದೂರಿ ಕಾರ್ಯಕ್ರಮಗಳಿಗೂ ಇದೇ ಪ್ರಶ್ನೆ ಕೇಳಬಹುದು. ನಮ್ಮ ಕಡೆ ಒಂದು ಮದುವೆಯ ರಾತ್ರಿ ದೀಪ ಆರಿದ ಮೇಲೆ ಪೆಂಡಾಲು ಬಿಚ್ಚುವ ಹುಡುಗರಿಗೆ, ಸೌಂಡ್ ಸಿಸ್ಟಂ ಹೊರುವವರಿಗೆ, ಹಾಡಲು ಕರೆಸಿದ ಬಡ ಕಲಾವಿದನಿಗೆ ಏನು ಸಿಗುತ್ತದೆ? ಮಳೆಗಾಲದ ನಾಲ್ಕು ತಿಂಗಳು ಅವರನ್ನು ಯಾರು ನೋಡಿಕೊಳ್ತಾರೆ? ಅವರಲ್ಲೊಬ್ಬ ಓದುತ್ತೇನೆ ಅಂದರೆ ಕಳಿಸುವವರು ಇದ್ದಾರಾ? ಉದ್ಯಮ ಎಷ್ಟು ದೊಡ್ಡದು ಅನ್ನುವುದನ್ನು ಪರದೆಯ ಅಗಲದಿಂದ ಅಳೆಯುವವರು ಈ ಲೆಕ್ಕವನ್ನೂ ಒಮ್ಮೆ ನೋಡುವುದು ಒಳ್ಳೆಯದು.

ವೀರಣ್ಣನವರ ಮೊಮ್ಮಗಳು ಬಿ. ಜಯಶ್ರೀ ಕೂಡ ಆ ಮನೆಯ ರಂಗದ ಮೇಲೇ ಕಣ್ಣುಬಿಟ್ಟವರು. ಅಜ್ಜ ಹೆಸರು ಮಾಡಿದ ಸದಾರಮೆ ನಾಟಕದ ಕಳ್ಳನ ಪಾತ್ರವನ್ನು ಅವರು ತಾವೇ ಗಂಡುವೇಷ ಹಾಕಿ ಆಡಿದರು. ಹೆಣ್ಣು ಪಾತ್ರಕ್ಕೂ ಹೆಂಗಸರು ಸಿಗದ ಕಾಲದಲ್ಲಿ ಅಜ್ಜ ತೆರೆದ ಬಾಗಿಲಿನಿಂದ ಬಂದ ಮೊಮ್ಮಗಳು ಗಂಡು ಪಾತ್ರವನ್ನೇ ಆಡಿ ಜನರನ್ನು ನಗಿಸಿದರು. ಆ ನಾಟಕಕ್ಕೆ ಆನೆ ಬೇಕಾಗಿರಲಿಲ್ಲ.